ಜಾಮೀನು ಹಾಕಿದ ಸಾಲ ನಾನೇ ಕಟ್ಟಿದೆ, ವಾಪಸ್ ಪಡೆಯಲು ಏನು ಮಾಡಿದೆ

ನಮ್ಮ ನೌಕರರ ಪತ್ತಿನ ಸಹಕಾರ ಸಂಘದಲ್ಲಿ ಸಹೋದ್ಯೋಗಿಯೊಬ್ಬರು ಸಾಲ ತೆಗೆದಿದ್ದರು. ಜಾಮೀನು ಹಾಕಿದವರು ಇಬ್ಬರು: ನಾನು, ಪಕ್ಕದ ಸೆಕ್ಷನ್ನಿನ ಗೆಳೆಯ. ಸಾಲಗಾರರು ಕೆಲಸ ಬಿಟ್ಟು ಊರು ಬದಲಿಸಿದರು, ಕಂತು ನಿಂತಿತು. ಸುಸ್ತಿ ನೋಟಿಸ್ ನಮ್ಮಿಬ್ಬರ ಮನೆಗೂ ಬಂತು. ಅಸಲು, ಬಡ್ಡಿ, ಸುಸ್ತಿ ಬಡ್ಡಿ ಎಲ್ಲ ಸೇರಿ 1.84 ಲಕ್ಷ ರೂಪಾಯಿ.

"ಮೊದಲು ಅವನ ಹತ್ತಿರ ವಸೂಲಿ ಮಾಡಲಿ, ಆಮೇಲೆ ನಮ್ಮನ್ನ ಕೇಳಲಿ" ಅಂತ ಗೆಳೆಯ ಹಟ ಹಿಡಿದರು. ಆಫೀಸಿನಲ್ಲಿ ಎಲ್ಲರೂ ಹೇಳುವ ಮಾತೇ ಇದು. ಆದರೆ ಕಾನೂನು ಹಾಗಿಲ್ಲ. 1872ರ ಕರಾರು ಕಾಯ್ದೆಯ 128ನೇ ಸೆಕ್ಷನ್ ಪ್ರಕಾರ ಸಾಲಗಾರನ ಹೊಣೆ ಎಷ್ಟೋ ಜಾಮೀನುದಾರನದೂ ಅಷ್ಟೇ. ಕರಾರಿನಲ್ಲಿ ಬೇರೆ ಥರ ಬರೆದಿದ್ದರೆ ಮಾತ್ರ ಬೇರೆ. ಸಾಲಗಾರನಿಂದ ವಸೂಲಿ ಆಗಲಿಲ್ಲ ಅಂತ ತೋರಿಸಿದ ಮೇಲೇ ಜಾಮೀನುದಾರನ ಹತ್ತಿರ ಬರಬೇಕು ಎಂಬ ವಾದವನ್ನು ಬ್ಯಾಂಕ್ ಆಫ್ ಬಿಹಾರ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟ್ 1960ರ ದಶಕದಲ್ಲೇ ತಳ್ಳಿಹಾಕಿದೆ. ಅದೂ ಅಲ್ಲದೆ, ಸಂಬಳದಲ್ಲಿ ಹಿಡಿಯಬಹುದು ಎಂಬ ಒಪ್ಪಿಗೆ ಪತ್ರಕ್ಕೂ ನಾವು ಸಹಿ ಹಾಕಿದ್ದೆವು. ನಮ್ಮ ಸಂಬಳ ಬಟವಾಡೆ ಮಾಡುವ ಅಧಿಕಾರಿಗೆ ಸಂಘ ಒಂದು ಪತ್ರ ಬರೆದರೆ ಸಾಕಿತ್ತು.

ಹಾಗಾಗಿ ಕಟ್ಟಬೇಕಾ ಬೇಡವಾ ಅಂತ ನಾನು ಜಾಸ್ತಿ ತಲೆ ಕೆಡಿಸಿಕೊಳ್ಳಲಿಲ್ಲ. ಕಟ್ಟಿದ್ದು ವಾಪಸ್ ಬರಬೇಕಾದರೆ ಕೈಯಲ್ಲಿ ಯಾವ ಕಾಗದ ಇರಬೇಕು ಅಂತ ನೋಡಿದೆ.

ಸಂಘಕ್ಕೆ ಅರ್ಜಿ ಕೊಟ್ಟು ಜಾಮೀನು ಪತ್ರದ ನಕಲು, ಸಾಲದ ಲೆಡ್ಜರ್ ಪ್ರತಿ ಕೇಳಿದೆ. ಅರ್ಜಿಯ ಇನ್ನೊಂದು ಪ್ರತಿಗೆ ಸೀಲು, ಸಹಿ ಹಾಕಿಸಿಕೊಂಡೆ. ನಮ್ಮನ್ನು ಕೇಳದೆ ಸಾಲಗಾರರಿಗೆ ವಾಯಿದೆ ಮುಂದೂಡುವ ಒಪ್ಪಂದ ಆಗಿದ್ದರೆ ಅದೇ ಕಾಯ್ದೆಯ 135ನೇ ಸೆಕ್ಷನ್ ಅಡಿ ಜಾಮೀನಿನಿಂದ ಬಿಡುಗಡೆ ಕೇಳಬಹುದು. ಅದನ್ನೇ ಹುಡುಕಿದೆ. ಆದರೆ ಜಾಮೀನು ಪತ್ರದ ಎರಡನೇ ಪುಟದ ಕೆಳಗೆ, ಕನ್ನಡಕ ಹಾಕಿ ಓದಬೇಕಾದ ಅಕ್ಷರದಲ್ಲಿ, ವಾಯಿದೆ ಕೊಟ್ಟರೂ ಜಾಮೀನುದಾರರ ಹೊಣೆ ತಪ್ಪದು ಎಂದಿತ್ತು. ಆ ಬಾಗಿಲು ಮುಚ್ಚಿತು. ಲೆಡ್ಜರ್ ನೋಡಿದ್ದು ಮಾತ್ರ ವ್ಯರ್ಥ ಆಗಲಿಲ್ಲ. ಸಾಲಗಾರರ ಷೇರು ಹಣ ಮತ್ತು ಉಳಿತಾಯ ಸೇರಿ 22,000 ರೂಪಾಯಿ ಸಾಲಕ್ಕೆ ಜಮಾ ಆಗದೆ ಸುಮ್ನೆ ಕೂತಿತ್ತು. ಬರೆದುಕೊಟ್ಟು ಜಮಾ ಮಾಡಿಸಿದೆ. ಬಾಕಿ 1.62 ಲಕ್ಷಕ್ಕೆ ಇಳಿಯಿತು.

ಸುಸ್ತಿ ಬಡ್ಡಿ ಬೆಳೆಯುತ್ತಿದ್ದರಿಂದ ಪೂರ್ತಿ ಹಣ ನನ್ನ ಚೆಕ್‌ನಲ್ಲೇ ಕಟ್ಟಿದೆ. ಕೌಂಟರಿನಲ್ಲಿದ್ದವರು ಅಭ್ಯಾಸಬಲದಿಂದ ಸಾಲಗಾರರ ಹೆಸರಿನಲ್ಲಿ ರಸೀದಿ ಹರಿದರು. ನಾನು ತೆಗೆದುಕೊಳ್ಳಲಿಲ್ಲ. "ಜಾಮೀನುದಾರರಾದ ಇವರಿಂದ, ಇಂಥ ಸಾಲದ ಪೂರ್ಣ ಬಾಕಿಗೆ" ಅಂತ ಬರೆದುಕೊಡಿ ಎಂದೆ. "ದುಡ್ಡು ಬಂತಲ್ಲ ಸಾರ್, ಯಾರು ಕಟ್ಟಿದರೇನು?" ಎಂದು ಗೊಣಗಿದರು. ಅವರಿಗೆ ವ್ಯತ್ಯಾಸವಿಲ್ಲ ನಿಜ. ನನಗೆ 145ನೇ ಸೆಕ್ಷನ್ ಅಡಿ ಸಾಲಗಾರರಿಂದ ವಸೂಲಿ ಮಾಡುವ ಹಕ್ಕಿಗೆ ಅದೇ ಸಾಕ್ಷಿ. ಚಿನ್ನವೋ ಮನೆಯೋ ಅಡವಿದ್ದಿದ್ದರೆ 141ರ ಪ್ರಕಾರ ಅದರ ಮೇಲಿನ ಹಕ್ಕೂ ನನಗೆ ಬರುತ್ತಿತ್ತು. ಇಲ್ಲಿ ಅಂಥದ್ದೇನೂ ಇರಲಿಲ್ಲ.

ಗೆಳೆಯನ ಜೊತೆ ಮಾತು ಸ್ವಲ್ಪ ಬಿಸಿಯಾಯಿತು. "ನೀವಾಗಿ ಕಟ್ಟಿದಿರಿ, ನಾನ್ಯಾಕೆ ಕೊಡಲಿ?" ಎಂದರು. ಇಬ್ಬರು ಜಾಮೀನುದಾರರಿದ್ದರೆ ಸಮಪಾಲು ಎಂದು 146ನೇ ಸೆಕ್ಷನ್ ಹೇಳುತ್ತದೆ. ಅದರ ಜೊತೆ ಅವರ ಹೆಸರಿಗೇ ಬಂದಿದ್ದ ನೋಟಿಸ್ ಮುಂದಿಟ್ಟೆ. ಎರಡು ಕಂತಿನಲ್ಲಿ 81,000 ಕೊಟ್ಟರು. ಸ್ನೇಹ ಉಳಿದಿದೆ, ಟೀಗೆ ಮಾತ್ರ ಮೊದಲಿನಷ್ಟು ಕರೆಯುವುದಿಲ್ಲ.

ಆಮೇಲೆ ವಕೀಲರ ಮೂಲಕ ಸಾಲಗಾರರಿಗೆ ರಿಜಿಸ್ಟರ್ಡ್ ಪೋಸ್ಟ್‌ನಲ್ಲಿ ನೋಟಿಸ್ ಹೋಯಿತು. ದಾವೆ ಹೂಡಲು ಮೂರು ವರ್ಷ ಗಡುವು. ಅದು ಶುರುವಾಗುವುದು ಅವರು ಸಾಲ ತೆಗೆದ ದಿನದಿಂದಲ್ಲ, ನಾನು ಹಣ ಕಟ್ಟಿದ ದಿನದಿಂದ. ನೋಟಿಸ್ ಮುಟ್ಟಿದ ತಕ್ಷಣ ಫೋನ್ ಬಂತು: "ಏನ್ ಸಾರ್, ನನಗೇ ನೋಟಿಸಾ? ನಾನೇನು ಓಡಿಹೋಗ್ತೀನಾ?" ಹಾಗಾದರೆ ಬಾಕಿ ಒಪ್ಪಿಕೊಂಡು ಸಹಿ ಮಾಡಿ ಬರೆದುಕೊಡಿ ಎಂದೆ. ಬರೆದುಕೊಟ್ಟರು. ಗಡುವಿನೊಳಗೆ ಹೀಗೆ ಸಹಿ ಮಾಡಿ ಒಪ್ಪಿಕೊಂಡರೆ ಆ ದಿನದಿಂದ ಮತ್ತೆ ಮೂರು ವರ್ಷ ಸಿಗುತ್ತದೆ.

ಈಗ ತಿಂಗಳಿಗೆ ಐದು ಸಾವಿರ ನನ್ನ ಖಾತೆಗೆ ಬರುತ್ತಿದೆ, ನಡುನಡುವೆ ತಪ್ಪುವುದೂ ಉಂಟು. ಬಂದದ್ದರಲ್ಲಿ ಅರ್ಧ ಗೆಳೆಯನಿಗೆ. ದಾವೆಯ ಕರಡು ವಕೀಲರ ಹತ್ತಿರ ಸಿದ್ಧವಾಗಿದೆ.