ಒಂದೇ ಬೆಂಕಿ, ಮೂರು ಸುತ್ತು: ಲ್ಯಾಪ್‌ಲ್ಯಾಂಡಿನ ಕಾಡಿನಲ್ಲಿ ನನ್ನ ಸ್ನೋಶೂ ನಡಿಗೆ

ಸ್ನೋಶೂ ನಡಿಗೆ, ಅಂದರೆ ಹಿಮದಲ್ಲಿ ಹೂತುಹೋಗದ ಹಾಗೆ ಬೂಟಿನಡಿ ಅಗಲ ಫ್ರೇಮ್ ಕಟ್ಟಿಕೊಂಡು ನಡೆಯುವುದು, ನಮ್ಮ ಜನಕ್ಕೆ ಆಗಿಬರಲ್ಲ ಎಂದು ಉತ್ತರ ಫಿನ್‌ಲ್ಯಾಂಡಿನ ರೊವಾನಿಯೆಮಿಯಲ್ಲಿ ಗೈಡ್ ಕೆಲಸ ಮಾಡುವ ಗೆಳೆಯರೆಲ್ಲ ನನಗೆ ಹೇಳಿದ್ದರು. ಭಾರತದಿಂದ ಬರುವವರಿಗೆ ನಾಯಿಗಳು ಎಳೆಯುವ ಹಸ್ಕಿ ಗಾಡಿ ಬೇಕು, ಸ್ನೋಮೊಬೈಲ್ ಬೇಕು, ಸಾಂತಾ ಜೊತೆ ಒಂದು ಫೋಟೋ ಬೇಕು. ಹಿಮದಲ್ಲಿ ನಡೆಯೋಕೆ ಯಾರು ದುಡ್ಡು ಕೊಡುತ್ತಾರೆ ಎನ್ನುವುದು ಅವರ ವಾದ. ಈಗ ಎರಡು ಚಳಿಗಾಲದಿಂದ ನನ್ನ ಬೆಳಗಿನ ನಡಿಗೆ ಡಿಸೆಂಬರ್‌ನಿಂದ ಮಾರ್ಚ್‌ವರೆಗೆ ಹೆಚ್ಚುಕಮ್ಮಿ ತುಂಬಿಯೇ ಇರುತ್ತದೆ. ಬರುವವರಲ್ಲಿ ಅರ್ಧಕ್ಕಿಂತ ಜಾಸ್ತಿ ಬೆಂಗಳೂರು, ಮೈಸೂರು, ಹುಬ್ಬಳ್ಳಿ ಕಡೆಯವರು. ಇಲ್ಲವೇ ಹೆಲ್ಸಿಂಕಿ, ಎಸ್ಪೋದಲ್ಲಿ ಕೆಲಸದಲ್ಲಿದ್ದು, ಊರಿಂದ ಬಂದ ಅಪ್ಪ ಅಮ್ಮನನ್ನು ರಾತ್ರಿ ರೈಲಿನಲ್ಲಿ ಮೇಲಕ್ಕೆ ಕರೆತರುವವರು. ಹೇಗೆ ಮಾಡಿದೆ ಎಂದು ಸುಮಾರು ಜನ ಕೇಳುತ್ತಾರೆ, ಅದಕ್ಕೇ ಬರೆಯುತ್ತಿದ್ದೇನೆ. ಸ್ನೋಶೂನಲ್ಲಿ ನಡೆಯುವುದು ಹೇಗೆ, ಬಟ್ಟೆಯ ಪದರ ಹೇಗಿರಬೇಕು ಎಂಬ ಪಾಠ ಇಲ್ಲಿಲ್ಲ. ಗುಂಪು ನಡೆಸಿದವರಿಗೆ ಅದೆಲ್ಲ ಗೊತ್ತಿರುತ್ತದೆ.

ಮೊದಲ ಸೀಸನ್‌ನಲ್ಲಿ ಎಲ್ಲರಂತೆ ನಾನೂ ಐದು ಕಿಲೋಮೀಟರಿನ ದಾರಿ ಇಟ್ಟುಕೊಂಡಿದ್ದೆ. ಕೆರೆ ದಂಡೆಯಿಂದ ಹೊರಟು, ಕಾಡಿನಲ್ಲಿ ಹಾದು, ಲಾವುವಿನಲ್ಲಿ ಬೆಂಕಿ ಹಾಕಿ, ವಾಪಸ್. ಲಾವು ಅಂದರೆ ಒಂದು ಬದಿ ತೆರೆದಿರುವ ಮರದ ಗುಡಿಸಲು. ಹನ್ನೆರಡು ಜನರ ಗುಂಪು, ತಲೆಗೆ 65 ಯೂರೋ. ಲೆಕ್ಕ ಹಾಕಿದರೆ ಚೆನ್ನಾಗಿಯೇ ಕಾಣುತ್ತದೆ. ಆದರೆ ಒಂದೂವರೆ ಕಿಲೋಮೀಟರ್ ಹೋದ ಮೇಲೆ ಒಂದು ಮಗು ಕಾಲು ಚಳಿ ಎಂದು ಅತ್ತರೆ ಏನು ಮಾಡುತ್ತೀರಿ? ಗೈಡ್ ಒಬ್ಬನೇ. ಇಡೀ ಗುಂಪು ತಿರುಗಬೇಕು. ಉಳಿದ ಹನ್ನೊಂದು ಜನರಿಗೆ ಬೆಂಕಿಯೂ ಇಲ್ಲ, ಬಿಸಿ ಜ್ಯೂಸೂ ಇಲ್ಲ. ಅರ್ಧ ದುಡ್ಡು ವಾಪಸ್ ಕೊಟ್ಟು ಕಳಿಸಬೇಕು. ಆ ಜನವರಿಯಲ್ಲಿ ಕೆಲವು ದಿನ ಡೀಸೆಲ್ ಕಳೆದರೆ ನೂರು ಯೂರೋ ಕೂಡ ಕೈಗೆ ಉಳಿಯಲಿಲ್ಲ.

ದಾರಿ ಚಿಕ್ಕದು ಮಾಡು ಎಂದರು ಗೆಳೆಯರು. ಮೂರು ಕಿಲೋಮೀಟರಿಗೆ ಇಳಿಸಿದೆ. ಆದರೂ ದಾರಿಯ ದೂರದ ತುದಿ ವ್ಯಾನಿನಿಂದ ಒಂದೂವರೆ ಕಿಲೋಮೀಟರ್ ಇದ್ದೇ ಇರುತ್ತದೆ. ಹಿಮವನ್ನೇ ಮೊದಲ ಸಲ ನೋಡುತ್ತಿರುವವರಿಗೆ ಸ್ನೋಶೂ ಹಾಕಿಕೊಂಡು ಅಷ್ಟು ಬರೋಕೆ ಒಂದು ಗಂಟೆ ಬೇಕು. ಇನ್ನೂ ದಪ್ಪ ಬಟ್ಟೆ ಕೊಡು ಎಂದರು. ಕೊಟ್ಟೆ. ನಡೆಯುವಾಗ ಬೆವರಿದರು, ನಿಂತಾಗ ಬೆವರು ತಣ್ಣಗಾಗಿ ನಡುಗಿದರು. ತೊಂದರೆ ಬಟ್ಟೆಯದಲ್ಲ, ದಾರಿಯ ಆಕಾರದ್ದು. ಇದು ಹೊಳೆದ ಮೇಲೆ ಉಳಿದದ್ದೆಲ್ಲ ಸಲೀಸು.

ಈಗ ನನ್ನ ಬೆಂಕಿ ನಡುವೆ ಇದೆ. ಅಲ್ಲಿಂದ ಮೂರು ಸುತ್ತು ಹೊರಡುತ್ತವೆ, ಮೂರೂ ಮತ್ತೆ ಬೆಂಕಿಗೇ ಬಂದು ಸೇರುತ್ತವೆ. ಒಂದೊಂದು 500 ಮೀಟರ್ ಆಸುಪಾಸು, ನಿಧಾನಕ್ಕೆ ನಡೆದರೆ 25-30 ನಿಮಿಷ. ಯಾರೂ ಯಾವಾಗಲೂ ಬೆಂಕಿಯಿಂದ ಹತ್ತು ನಿಮಿಷಕ್ಕಿಂತ ದೂರ ಇರುವುದಿಲ್ಲ. ಬೆಂಕಿಯ ಹತ್ತಿರ ಸಹಾಯಕ ಒಬ್ಬ ಇರುತ್ತಾನೆ. ಒಂದು ಸುತ್ತು ಮುಗಿಸಿ ಸಾಕು ಎನ್ನುವವರು ಅಲ್ಲೇ ಕೂರುತ್ತಾರೆ, ಉಳಿದವರು ಮುಂದಿನ ಸುತ್ತಿಗೆ ಹೋಗುತ್ತಾರೆ. ಯಾರಿಗೂ ಯಾರಿಂದಲೂ ನಷ್ಟ ಇಲ್ಲ. ಇದನ್ನು ಹೇಳಿದಾಗ ನಮ್ಮೂರಿನ ಗೈಡ್ ಗೆಳೆಯನೊಬ್ಬ, "ಏನೋ, ದೇವಸ್ಥಾನದ ಥರ ಪ್ರದಕ್ಷಿಣೆ ಹಾಕಿಸ್ತೀಯಾ? ಜನ ಎಲ್ಲಿಗಾದ್ರೂ ಹೋಗೋಕೆ ದುಡ್ಡು ಕೊಡೋದು ಕಣೋ" ಎಂದಿದ್ದ. ಈ ವರ್ಷ ಅವನೂ ಎರಡು ಸುತ್ತಿನ ದಾರಿ ಶುರುಮಾಡಿದ್ದಾನೆ.

ಮೊದಲ ಸುತ್ತು ಪೈನ್ ಮರಗಳ ಸಮತಟ್ಟು. ಎರಡನೆಯದು ಸ್ಪ್ರೂಸ್ ಕಾಡಿನ ಇಳಿಜಾರು. ಅಲ್ಲಿ ಕೊಂಬೆಗಳಿಂದ ಕಪ್ಪು ಗಡ್ಡದ ಹಾಗೆ ಕಲ್ಲುಹೂವು ಜೋತುಬಿದ್ದಿರುತ್ತದೆ. ಗಾಳಿ ಶುದ್ಧ ಇದ್ದರೆ ಮಾತ್ರ ಬೆಳೆಯುವ ಜಾತಿ, ಚಳಿಗಾಲದಲ್ಲಿ ಹಿಮಸಾರಂಗದ ಮೇವು. ಮೂರನೆಯದರ ಕೊನೆಯಲ್ಲಿ ಯಾರೂ ತುಳಿಯದ ಬಯಲು ಒಂದಿದೆ. ಆ ಬಯಲನ್ನು ಪ್ರತಿ ದಿನ ಹೊಸದಾಗಿ ಹೇಗೆ ಇಟ್ಟುಕೊಳ್ಳುತ್ತೇನೆ ಎನ್ನುವುದನ್ನು ಮಾತ್ರ ಇಲ್ಲಿ ಬರೆಯಲ್ಲ.

ದಾರಿಯನ್ನು ಹಿಂದಿನ ಸಂಜೆಯೇ ತುಳಿದಿಡಬೇಕು. ಇಲ್ಲಿನ ಹಿಮ ಮೈನಸ್ 20ರಲ್ಲಿ ಸಕ್ಕರೆಪುಡಿಯಷ್ಟು ಒಣ, ಸ್ನೋಶೂ ಇದ್ದರೂ ಮೊಣಕಾಲುದ್ದ ಇಳಿಯುತ್ತದೆ. ಎರಡು ಸಲ ತುಳಿದು ರಾತ್ರಿ ಬಿಟ್ಟರೆ ಹರಳುಗಳು ಒಂದಕ್ಕೊಂದು ಅಂಟಿ ಗಟ್ಟಿಯಾಗುತ್ತವೆ. ಬೆಳಿಗ್ಗೆ ಅಜ್ಜಿಯೂ ನಡೆಯಬಹುದು. ಹೀಗೆ ತುಳಿದ ದಾರಿಗೆ 30 ಇಂಚಿನ ಸ್ನೋಶೂ ಬೇಡವೇ ಬೇಡ. ಹೊಸಬರು ಉದ್ದನೆಯದರಲ್ಲಿ ತಮ್ಮದೇ ಫ್ರೇಮ್ ತುಳಿದು ಬೀಳುತ್ತಾರೆ. ನನ್ನ ಹತ್ತಿರ ಈಗ 22 ಮತ್ತು 25 ಇಂಚಿನವು ಮಾತ್ರ ಇವೆ. ಉದ್ದದ್ದನ್ನೆಲ್ಲ ಮಾರಿದೆ, ಅರ್ಧ ಬೆಲೆ ಸಿಕ್ಕಿತು.

ಎಲ್ಲಕ್ಕಿಂತ ಹೆಚ್ಚು ಸಮಯ ತಿನ್ನುತ್ತಿದ್ದದ್ದು ಬೂಟಿಗೆ ಸ್ನೋಶೂ ಪಟ್ಟಿ ಬಿಗಿಯುವ ಕೆಲಸ. ದಪ್ಪ ಕೈಗವಸು ಹಾಕಿದವರಿಗೆ ಬಕಲ್ ಬರಲ್ಲ, ನಾನೇ ಮಂಡಿಯೂರಿ ಒಬ್ಬೊಬ್ಬರಿಗೇ ಬಿಗಿಯಬೇಕು. ಎಂಟು ಜನಕ್ಕೆ ಇಪ್ಪತ್ತು ನಿಮಿಷ. ಕೊನೆಯವರದ್ದು ಮುಗಿಯುವಷ್ಟರಲ್ಲಿ ಮೊದಲನೆಯವರ ಕಾಲು ಮರಗಟ್ಟಿರುತ್ತದೆ. ಈಗ ಬೂಟು, ಸ್ನೋಶೂ ಎರಡೂ ಒಂದು ಜೋಡಿ. ಬುಕಿಂಗ್‌ನಲ್ಲೇ ಕಾಲಿನ ಅಳತೆ ಕೇಳುತ್ತೇನೆ. ಹಿಂದಿನ ರಾತ್ರಿ ಆಯಾ ಬೂಟನ್ನೇ ಇಟ್ಟು ಮುಂದಿನ ಎರಡು ಪಟ್ಟಿ ಸರಿಮಾಡಿ ಬಿಟ್ಟಿರುತ್ತೇನೆ. ಹಿಮ್ಮಡಿಯ ಪಟ್ಟಿಯೊಂದೇ ಬಾಕಿ. ಬೂಟಿಗೂ ಸ್ನೋಶೂಗೂ ಒಂದೇ ಬಣ್ಣದ ಉಲ್ಲನ್ ದಾರ ಕಟ್ಟಿದ್ದೇನೆ, ಮಕ್ಕಳು ತಾವೇ ಹುಡುಕಿಕೊಂಡು ಬಂದು ನಿಲ್ಲುತ್ತಾರೆ. ಎಂಟು ಜನಕ್ಕೂ ಆರೇಳು ನಿಮಿಷ ಸಾಕು. ಇನ್ನೊಂದು ಮಾತು, ಪ್ಲಾಸ್ಟಿಕ್ ಹಲ್ಲಿನ ಪಟ್ಟಿ ಮೈನಸ್ 25 ದಾಟಿದರೆ ಚಟ್ ಅಂತ ಮುರಿಯುತ್ತದೆ. ರಬ್ಬರಿನದ್ದೇ ತಗೊಳ್ಳಿ.

ಬೂಟು ಎರಡು ಅಳತೆ ದೊಡ್ಡದಿರಲಿ. ಮೂರು ಜೊತೆ ಕಾಲುಚೀಲ ಹಾಕಿ ಬರುವವರೇ ಮೊದಲು ಚಳಿ ಎನ್ನುವುದು, ಒತ್ತಿದ ಕಾಲಿಗೆ ರಕ್ತ ಓಡಲ್ಲ, ಗಾಳಿಗೂ ಜಾಗ ಇಲ್ಲ. ಉಣ್ಣೆಯದು ಒಂದು, ಒಳಗೆ ತೆಳುವಾದದ್ದು ಒಂದು, ಮುಗೀತು.

ಜಾಗದ ಆಯ್ಕೆ ಇನ್ನೊಂದು ದೊಡ್ಡ ವಿಷಯ. ರೊವಾನಿಯೆಮಿಯಲ್ಲಿ ಕೆಮಿಯೋಕಿ ಮತ್ತು ಔನಾಸ್‌ಯೋಕಿ ನದಿಗಳು ಸೇರುತ್ತವೆ. ಗಾಳಿಯಿಲ್ಲದ ತಿಳಿ ರಾತ್ರಿಗಳಲ್ಲಿ ತಣ್ಣನೆಯ ಭಾರದ ಗಾಳಿ ಜಾರಿ ಬಂದು ನದಿ, ಕೆರೆಗಳ ತಗ್ಗಿನಲ್ಲಿ ಕೂರುತ್ತದೆ. ಬೆಳಿಗ್ಗೆ ಕೆರೆ ದಂಡೆಯಲ್ಲಿ ಮೈನಸ್ 31 ಇದ್ದಾಗ ನೂರು ಮೀಟರ್ ಮೇಲಿನ ಗುಡ್ಡದ ಮಗ್ಗುಲಲ್ಲಿ ಮೈನಸ್ 21, 22 ನೋಡಿದ್ದೇನೆ. ಬೇರೆಯವರು ಟ್ರಿಪ್ ರದ್ದು ಮಾಡಿದ ದಿನ ನಾನು ಸಲೀಸಾಗಿ ನಡೆಸಿದ್ದೇನೆ. ಆ ಗುಡ್ಡ ಊರಿಂದ ಅರ್ಧ ಗಂಟೆ. ಹೆಸರು ಹೇಳುವುದಿಲ್ಲ. ನಿಮ್ಮ ಗುಡ್ಡವನ್ನು ಒಂದು ಥರ್ಮಾಮೀಟರ್ ಹಿಡಿದು ನೀವೇ ಹುಡುಕಿಕೊಳ್ಳಿ, ಸಿಗುತ್ತದೆ.

ಫಿನ್‌ಲ್ಯಾಂಡಿನಲ್ಲಿ ಯಾರ ಕಾಡಿನಲ್ಲಾದರೂ ನಡೆಯಬಹುದು, ಆ ಹಕ್ಕು ಎಲ್ಲರಿಗೂ ಇದೆ. ಆದರೆ ಬೆಂಕಿ ಹಾಕೋಕೆ ಜಮೀನಿನ ಮಾಲೀಕರ ಒಪ್ಪಿಗೆ ಬೇಕು. ನಾನು ಒಬ್ಬ ರೈತರ ಜೊತೆ ಮಾತಾಡಿಕೊಂಡಿದ್ದೇನೆ, ಸೀಸನ್‌ಗೆ 800 ಯೂರೋ ಆಸುಪಾಸು. ಕೊಡುವಾಗ ಜಾಸ್ತಿ ಅನ್ನಿಸಿತ್ತು. ಆದರೆ ನನ್ನ ಬೆಂಕಿಯ ಜಾಗಕ್ಕೆ ಇನ್ನೊಂದು ಗುಂಪು ಬಂದು ಕೂರುವ ಗೋಳೇ ಇಲ್ಲ. ಗ್ರಾಹಕರ ಸುರಕ್ಷತೆಯ ಕಾನೂನು ಕೇಳುವ ಕಾಗದಪತ್ರವನ್ನು ಸರಿಯಾಗಿ ಬರೆದಿಡಿ. ಅದನ್ನು ಬರೆಯುವಾಗಲೇ ಈ ಮೂರು ಸುತ್ತಿನ ಲಾಭ ನನಗೆ ಇನ್ನೂ ಸ್ಪಷ್ಟವಾಯಿತು. ಅಪಾಯದ ಪಟ್ಟಿಯಲ್ಲಿ ಅರ್ಧದಷ್ಟು ಸಾಲಿಗೆ "ಬೆಂಕಿಗೆ ವಾಪಸ್" ಎಂಬ ಒಂದೇ ಉತ್ತರ.

ತಿಂಡಿಯಲ್ಲಿ ತುಂಬ ಪ್ರಯೋಗ ಮಾಡಿದ್ದೇನೆ. ಇಲ್ಲಿನವರು ಬೆಂಕಿಯಲ್ಲಿ ಸಾಸೇಜ್ ಸುಡುತ್ತಾರೆ, ನಮ್ಮವರಲ್ಲಿ ಅರ್ಧ ಜನ ತಿನ್ನಲ್ಲ. ಕಡಲೆಕಾಯಿ ಚಿಕ್ಕಿ ಮೈನಸ್ 20ರಲ್ಲಿ ಕಲ್ಲು, ಒಬ್ಬರ ಹಲ್ಲಿನ ಕ್ಯಾಪ್ ಕಿತ್ತುಬಂತು, ಅಂದಿಗೇ ನಿಲ್ಲಿಸಿದೆ. ಅಕ್ಕಿ ರೊಟ್ಟಿ ತಟ್ಟೋಣ ಎಂದರೆ ಹಿಟ್ಟು ಕೈಯಲ್ಲೇ ಬಿರಿಯುತ್ತಿತ್ತು. ಗೆದ್ದದ್ದು ನೀರುದೋಸೆ! ಹಿಟ್ಟನ್ನು ಬೆಚ್ಚಗೆ ಮಾಡಿ ಥರ್ಮಸ್‌ನಲ್ಲಿ ಒಯ್ಯುತ್ತೇನೆ. ಮೂರಿಕ್ಕ ಅಂತ ಇಲ್ಲಿ ಬೆಂಕಿಯ ಮೇಲಿಡುವ ಅಗಲ ಕಬ್ಬಿಣದ ಹೆಂಚು ಸಿಗುತ್ತದೆ, ಇಲ್ಲಿನವರು ಅದರಲ್ಲಿ ತೆಳ್ಳನೆಯ ಸಿಹಿ ದೋಸೆ ಮಾಡುತ್ತಾರೆ. ನೀರುದೋಸೆ ಅದರ ಮೇಲೆ ಸೊಗಸಾಗಿ ಏಳುತ್ತದೆ. ಜೊತೆಗೆ ಲಿಂಗನ್‌ಬೆರಿ ಜಾಮ್. ಜರ್ಮನ್ನರೂ ಎರಡನೇ ಸಲ ಕೇಳುತ್ತಾರೆ. ಬಿಸಿ ಬ್ಲೂಬೆರಿ ಜ್ಯೂಸಿಗೆ ನಾನು ಹಾಕುವ ಎರಡು ಸಾಮಾನು ಮಾತ್ರ ನನ್ನ ಸಹಾಯಕನಿಗೂ ಗೊತ್ತಿಲ್ಲ.

ದೋಸೆ ವಾಸನೆಗೆ ಕೂಕ್ಕೆಲಿ ಬರುತ್ತದೆ. ಕಂದು, ಕಿತ್ತಳೆ ಬಣ್ಣದ ಕಾಡಿನ ಹಕ್ಕಿ, ಮನುಷ್ಯರಿಗೆ ಹೆದರಲ್ಲ. ಎರಡು ಮಾರು ದೂರದ ಕೊಂಬೆಗೆ ಬಂದು ಕೂತು ನಮ್ಮನ್ನೇ ನೋಡುತ್ತದೆ. ಮಕ್ಕಳು ಸ್ನೋಮೊಬೈಲ್ ಮರೆತುಬಿಡುತ್ತಾರೆ.

ಇನ್ನೊಂದು ಪ್ರಯೋಗ ಸುಮ್ನೆ ಕುತೂಹಲಕ್ಕೆ ಶುರುವಾದದ್ದು. ಗಾಳಿ ಮೈನಸ್ 28 ಇದ್ದ ದಿನ ಮೊಣಕಾಲು ಮೇಲಿನ ಹಿಮದಲ್ಲಿ ನೆಲದವರೆಗೆ ಗುಂಡಿ ತೋಡಿ, ಆ ಗುಂಡಿಯ ಹಿಮದ ಗೋಡೆಯ ಬುಡಕ್ಕೆ ಥರ್ಮಾಮೀಟರ್ ಚುಚ್ಚಿದೆ. ಮೈನಸ್ 3 ಆಸುಪಾಸು ತೋರಿಸಿತು. ಹಿಮವೇ ಕಂಬಳಿ. ಇಲ್ಲಿನ ಕಾಡುಕೋಳಿ ಜಾತಿಯ ಹಕ್ಕಿಗಳು ರಾತ್ರಿ ಹಿಮದೊಳಗೆ ನುಗ್ಗಿ ಮಲಗುವುದು ಇದಕ್ಕೇ. ಈಗ ಎರಡನೇ ಸುತ್ತಿನಲ್ಲಿ ಪ್ರತಿ ಗುಂಪಿಗೂ ಇದನ್ನು ಮಾಡಿ ತೋರಿಸುತ್ತೇನೆ. ಮೊದಲು ಎಲ್ಲರೂ ಒಂದೊಂದು ಅಂಕಿ ಹೇಳಬೇಕು, ಹತ್ತಿರ ಹೇಳಿದವರಿಗೆ ಮೊದಲ ದೋಸೆ. ಇದಕ್ಕೆ ನನಗೆ ಬಿದ್ದ ಖರ್ಚು ಹನ್ನೆರಡು ಯೂರೋದ ಥರ್ಮಾಮೀಟರ್. ಬರುವವರು ಅತಿ ಹೆಚ್ಚು ನೆನಪಿಟ್ಟುಕೊಂಡು ಬರೆಯುವುದೂ ಇದನ್ನೇ.

ಹಾಸನದ ಕಡೆಯ ಅಜ್ಜಿಯೊಬ್ಬರು ಮಗ, ಸೊಸೆ, ಮೊಮ್ಮಕ್ಕಳ ಜೊತೆ ಬಂದಿದ್ದರು. ಎಪ್ಪತ್ತು ದಾಟಿದ ವಯಸ್ಸು, ಮೈಪೂರ್ತಿ ಮುಚ್ಚುವ ಚಳಿಯ ಓವರಾಲ್ ಒಳಗೆ ಸೀರೆಯನ್ನು ಕಚ್ಚೆ ಹಾಕಿ ಕಟ್ಟಿದ್ದರು. "ಅಮ್ಮ, ನೀನು ಇಲ್ಲೇ ಕೂತಿರು" ಎಂದು ಮಗ ಹೇಳಿದ. ಅಜ್ಜಿ ನನ್ನ ಕಡೆ ತಿರುಗಿ, "ಇಷ್ಟು ದೂರ ಬಂದಿದ್ದು ಬೆಂಕಿ ಕಾಯೋಕೇನಪ್ಪ? ಆ ಕಡ್ಡಿ ಕೊಡಿಲ್ಲಿ" ಎಂದು ಊರಿಕೊಂಡು ನಡೆಯುವ ಪೋಲ್ ಇಸಕೊಂಡರು. ಮೊದಲ ಸುತ್ತು ಪೂರ್ತಿ ನಡೆದರು. ಎರಡನೆಯದಕ್ಕೂ ಹೊರಟರು. ಇಳಿಜಾರಿನಲ್ಲಿ ನಾನು ಕೈ ಚಾಚಿದರೆ ಬೇಡ ಅಂದರು. ಹಳೆಯ ಐದು ಕಿಲೋಮೀಟರಿನ ದಾರಿಯಲ್ಲಿ ಅವರನ್ನು ಕರೆದುಕೊಂಡು ಹೋಗುವ ಧೈರ್ಯ ಯಾವ ಗೈಡಿಗೂ ಬರುತ್ತಿರಲಿಲ್ಲ, ಅವರ ಮಗನೂ ಒಪ್ಪುತ್ತಿರಲಿಲ್ಲ. ನನ್ನ ಪದ್ಧತಿ ಸರಿ ಎಂದು ನನಗೆ ಪೂರ್ತಿ ನಂಬಿಕೆ ಬಂದದ್ದು ಅವತ್ತು.

ಕೆಲವು ಕಟ್ಟುಪಾಡು ಇದೆ. ಮೈನಸ್ 25ಕ್ಕಿಂತ ಕೆಳಗೆ ಚಿಕ್ಕ ಮಕ್ಕಳು ಬೇಡ. ಪ್ರತಿ ಸುತ್ತು ಮುಗಿದ ಮೇಲೆ ಇಬ್ಬಿಬ್ಬರು ಒಬ್ಬರ ಮುಖ ಒಬ್ಬರು ನೋಡಬೇಕು. ಕೆನ್ನೆ, ಮೂಗಿನ ತುದಿ ಬೆಳ್ಳಗಾಗಿದ್ದರೆ ಉಜ್ಜಬಾರದು, ಬರಿಗೈಯ ಅಂಗೈ ಇಟ್ಟು ಬೆಚ್ಚಗೆ ಮಾಡಬೇಕು. ಡಿಸೆಂಬರ್ ಕೊನೆಯಲ್ಲಿ ಸೂರ್ಯ ಕಾಣುವುದು ಬರೀ ಎರಡು ಗಂಟೆ ಚಿಲ್ಲರೆ. ಹತ್ತಕ್ಕೆ ಹೊರಟರೆ ನೀಲಿ ಬೆಳಕೂ ಸಿಗುತ್ತದೆ, ಮೂರನೇ ಸುತ್ತಿಗೆ ಗುಲಾಬಿ ಆಕಾಶವೂ ಸಿಗುತ್ತದೆ. ಮಧ್ಯಾಹ್ನದ ಗುಂಪನ್ನು ಆ ತಿಂಗಳಲ್ಲಿ ಮಾಡಲ್ಲ.

ಇನ್ನು ದುಡ್ಡು. ಈಗ ಗುಂಪಿಗೆ ಎಂಟೇ ಜನ, ದೊಡ್ಡವರಿಗೆ 89 ಯೂರೋ, ಮಕ್ಕಳಿಗೆ ಅರ್ಧ. ದೊಡ್ಡವರದ್ದು ನಮ್ಮ ಲೆಕ್ಕದಲ್ಲಿ ಒಂಬತ್ತು ಸಾವಿರ ರೂಪಾಯಿ ಆಸುಪಾಸು. ತುಂಬಿದ ಗುಂಪಿಗೆ ಸರಾಸರಿ 600 ಬರುತ್ತದೆ. ಬುಕಿಂಗ್ ಸೈಟುಗಳಿಗೆ ಐದರಲ್ಲೊಂದು ಪಾಲು, ಕೆಲವಕ್ಕೆ ಕಾಲು ಭಾಗವೇ ಹೋಗುತ್ತದೆ. ಸಹಾಯಕನಿಗೆ 75-80, ಬರ್ಚ್ ಸೌದೆ ಎರಡು ಚೀಲಕ್ಕೆ 18, ತಿಂಡಿಗೆ 40, ಡೀಸೆಲ್ 25. ತೆರಿಗೆ, ವಿಮೆ ಕಳೆದು ಒಂದು ಬೆಳಗಿಗೆ 200 ಯೂರೋ ಮೇಲೆ ಉಳಿಯುತ್ತದೆ. ಸಹಾಯಕನ ಸಂಬಳ ದಂಡ ಎಂದು ಹೇಳುವವರು ವಾಪಸ್ ಕೊಡುವ ದುಡ್ಡಿನ ಲೆಕ್ಕ ಹಾಕಲಿ. ನಾನು ಈ ಎರಡು ಸೀಸನ್‌ನಲ್ಲಿ ಯಾರಿಗೂ ದುಡ್ಡು ವಾಪಸ್ ಕೊಟ್ಟಿಲ್ಲ. ಬಂಡವಾಳದಲ್ಲಿ ಸ್ನೋಶೂಗಿಂತ ಬೂಟಿಗೇ ಜಾಸ್ತಿ ಹೋಗುತ್ತದೆ. ಯುರೋಪಿನ ಅಳತೆಯಲ್ಲಿ 33ರಿಂದ 46ರವರೆಗೆ ಎಲ್ಲವೂ ಇರಬೇಕು, ಸುಮಾರು ಎರಡು ಸಾವಿರ ಯೂರೋ. ಓವರಾಲ್‌ಗಳನ್ನು ಏಪ್ರಿಲ್ ಕೊನೆಯಲ್ಲಿ ಹಳೆಯದೇ ಕೊಳ್ಳಿ, 40ಕ್ಕೆಲ್ಲ ಸಿಗುತ್ತದೆ. ಒಬ್ಬ ಏಜೆಂಟ್ ಸೀಸನ್ ಮುಗಿದ ಮೇಲೆ ಒಟ್ಟಿಗೆ ಕೊಡುತ್ತೇನೆಂದು ನಂಬಿಸಿ ಸಾವಿರದ ಮೇಲೆ ಉಳಿಸಿಕೊಂಡ. ಆಮೇಲೆ ಮುಂಗಡ ಇಲ್ಲದೆ ಯಾವ ಏಜೆಂಟಿನ ಗುಂಪನ್ನೂ ಹತ್ತಿಸಿಕೊಂಡಿಲ್ಲ.

ಈ ವರ್ಷ ಅಹ್ಕಿಯೊ ಒಂದನ್ನು ಸೇರಿಸುತ್ತಿದ್ದೇನೆ, ಹಿಮದ ಮೇಲೆ ಎಳೆಯುವ ದೋಣಿಯಾಕಾರದ ಜಾರುಬಂಡಿ. ನಡೆಯೋಕೇ ಆಗದವರನ್ನು ಹಿಮಸಾರಂಗದ ತೊಗಲು ಹಾಸಿ ಕೂರಿಸಿ, ಮೊದಲ ಸುತ್ತಿನ ಸಮತಟ್ಟಿನಲ್ಲಿ ಎಳೆದುಕೊಂಡು ಹೋಗುವುದು. ನವೆಂಬರ್‌ನಲ್ಲಿ ಅರವತ್ತು ಕಿಲೋ ಸೌದೆ ಹೇರಿ ಎಳೆದು ನೋಡಿದೆ, ತುಳಿದ ದಾರಿಯಲ್ಲಿ ಸಲೀಸು. ತಿರುವಿನಲ್ಲಿ ಮಾತ್ರ ಪಕ್ಕಕ್ಕೆ ಜಾರುತ್ತದೆ. ಹಗ್ಗದ ಬದಲು ಎರಡು ಗಟ್ಟಿ ಕೋಲು ಕಟ್ಟಿದರೆ ನಿಲ್ಲುತ್ತದೆ ಅನ್ನಿಸುತ್ತಿದೆ. ಈಗಾಗಲೇ ಮಾಡಿದವರಿದ್ದರೆ ಕೋಲಿನ ಉದ್ದ ಎಷ್ಟಿಟ್ಟಿರಿ ಎಂದು ತಿಳಿಸಿ.