ಬ್ರಹ್ಮಕಮಲ ಬರೀ ಎಲೆ ಬಿಡುತ್ತಿದೆಯೇ? ಕುಂಡ, ಗೊಬ್ಬರ ಎರಡನ್ನೂ ಒಮ್ಮೆ ನೋಡಿ

ಮಳೆಗಾಲ ಶುರುವಾದರೆ ಸಾಕು, ವಾಟ್ಸ್‌ಆ್ಯಪ್ ಸ್ಟೇಟಸ್ ತುಂಬಾ ಬ್ರಹ್ಮಕಮಲದ ಫೋಟೊಗಳು. ಎದುರು ಮನೆಯಲ್ಲಿ ಒಂದೇ ರಾತ್ರಿ ಹತ್ತಾರು ಹೂ. ನಮ್ಮ ಮನೆಯದು ಮಾತ್ರ ಎಲೆ ಮೇಲೆ ಎಲೆ ಬಿಟ್ಟುಕೊಂಡು ಕಾಂಪೌಂಡ್ ಹತ್ತುತ್ತಿರುತ್ತದೆ. ಹೀಗಾದಾಗ ಬಹಳ ಜನ ಗಿಡವನ್ನು ದೊಡ್ಡ ಕುಂಡಕ್ಕೆ ಹಾಕಿ, ಮೇಲೆ ಧಾರಾಳವಾಗಿ ಗೊಬ್ಬರ ಸುರಿಯುತ್ತಾರೆ. ಎರಡೂ ಹೂವಿಗೆ ಅಡ್ಡಿ.

ಇದು ಕಳ್ಳಿಯ ಜಾತಿ. ಹೆಸರು ಎಪಿಫಿಲಮ್ ಆಕ್ಸಿಪೆಟಾಲಮ್. ನಾವು ಎಲೆ ಎನ್ನುವುದು ನಿಜಕ್ಕೂ ಚಪ್ಪಟೆಯಾದ ಕಾಂಡ. ಹಾಗಂತ ಇದು ಮರುಭೂಮಿಯ ಕಳ್ಳಿಯಲ್ಲ. ಮೆಕ್ಸಿಕೊ, ಮಧ್ಯ ಅಮೆರಿಕದ ಕಾಡುಗಳಲ್ಲಿ ಮರದ ಕವಲುಗಳಲ್ಲಿ ಸೇರಿಕೊಂಡ ತರಗೆಲೆ ಗೊಬ್ಬರದಲ್ಲಿ ಬೇರು ಬಿಟ್ಟು ಬದುಕುತ್ತದೆ, ನಮ್ಮ ಮಲೆನಾಡಿನ ಸೀತಾಳೆ ದಂಡೆಯ ಹಾಗೆ. ಅದಕ್ಕೇ ಬೇರಿಗೆ ಗಾಳಿ ಬೇಕು, ಜಾಗ ಸ್ವಲ್ಪ ಇಕ್ಕಟ್ಟಾದರೂ ನಡೆಯುತ್ತದೆ, ಊಟ ತೆಳುವಾಗಿರಬೇಕು. ಇಷ್ಟು ತಲೆಯಲ್ಲಿದ್ದರೆ ಉಳಿದ ಕೆಲಸ ಸುಲಭ.

ಕುಂಡ ಯಾವಾಗ ಬದಲಿಸಬೇಕು?

ಎರಡು ಮೂರು ವರ್ಷಕ್ಕೊಮ್ಮೆ ಸಾಕು. ಕುಂಡದ ತೂತಿನಿಂದ ಬೇರು ಇಣುಕುತ್ತಿದ್ದರೆ, ಹಾಕಿದ ನೀರು ನಿಲ್ಲದೆ ಹಾಗೇ ಇಳಿದು ಹೋಗುತ್ತಿದ್ದರೆ, ಮಣ್ಣು ಗಟ್ಟಿ ಹೆಂಟೆಯಾಗಿದ್ದರೆ ಸಮಯ ಬಂದಿದೆ ಎಂದು ತಿಳಿಯಿರಿ. ಚಿಗುರು ಒಡೆಯುವ ಮುಂಚೆ, ಫೆಬ್ರುವರಿಯಲ್ಲಿ ಮಾಡುವುದು ಒಳ್ಳೆಯದು. ಅದು ತಪ್ಪಿದರೆ ಹೂವಿನ ಸರದಿ ಮುಗಿದು ಮಳೆ ಬಿಟ್ಟ ಮೇಲೆ ಮಾಡಿ. ಮೊಗ್ಗಿರುವಾಗ ಮಾತ್ರ ಕೈ ಹಚ್ಚಬೇಡಿ.

ಹೊಸ ಕುಂಡ ಹಳೆಯದಕ್ಕಿಂತ ಒಂದೆರಡು ಇಂಚು ಅಗಲವಿದ್ದರೆ ಸಾಕು. ಕುಂಡ ತೀರಾ ದೊಡ್ಡದಾದರೆ ಬೇರು ತಲುಪದ ಕಡೆ ಮಣ್ಣು ಹಸಿಯಾಗಿಯೇ ಉಳಿಯುತ್ತದೆ, ಬೇರು ಕೊಳೆಯುವುದು ಅಲ್ಲಿಂದಲೇ. ಮಣ್ಣಿನ ಕುಂಡ ಬೇಗ ಒಣಗುತ್ತದೆ, ಈ ಗಿಡಕ್ಕೆ ಅದೇ ಸರಿ. ಆದರೆ ಬಳ್ಳಾರಿ, ರಾಯಚೂರು ಕಡೆಯ ಬಿಸಿಲಿಗೆ ಪ್ಲಾಸ್ಟಿಕ್ ಕುಂಡವೂ ನಡೆಯುತ್ತದೆ, ತಳದಲ್ಲಿ ತೂತು ಜಾಸ್ತಿ ಇರಲಿ.

ಮಣ್ಣಿನ ಮಿಶ್ರಣದಲ್ಲಿ ಅವಸರ ಬೇಡ. ಕೆಂಪು ಮಣ್ಣು ಒಂದು ಪಾಲು, ಚೆನ್ನಾಗಿ ಕಳಿತ ಎಲೆಗೊಬ್ಬರ ಅಥವಾ ಎರೆಗೊಬ್ಬರ ಒಂದು ಪಾಲು, ದಪ್ಪ ಮರಳು ಮತ್ತು ಇಟ್ಟಿಗೆ ಚೂರು ಸೇರಿ ಒಂದು ಪಾಲು. ಇದಕ್ಕೆ ಒಂದು ಹಿಡಿ ಇದ್ದಿಲ ಚೂರು, ಒಂದು ದೊಡ್ಡ ಚಮಚ ಬೇವಿನ ಹಿಂಡಿ ಸೇರಿಸಿ. ಕಲಸಿದ ಮಣ್ಣನ್ನು ಒದ್ದೆ ಮಾಡಿ ಮುಷ್ಟಿಯಲ್ಲಿ ಹಿಂಡಿ ನೋಡಿ. ಕೈ ಬಿಟ್ಟ ಮೇಲೂ ಉಂಡೆಯಾಗಿಯೇ ಕೂತರೆ ಇನ್ನಷ್ಟು ಮರಳು, ಇಟ್ಟಿಗೆ ಚೂರು ಬೇಕು. ಬರೀ ಕಪ್ಪು ಮಣ್ಣಂತೂ ಬೇಡವೇ ಬೇಡ.

ಕುಂಡ ಬದಲಿಸುವ ನಾಲ್ಕೈದು ದಿನ ಮೊದಲೇ ನೀರು ನಿಲ್ಲಿಸಿ. ಮಣ್ಣು ಒಣಗಿದ್ದರೆ ಗಿಡ ಸುಲಭವಾಗಿ ಹೊರಬರುತ್ತದೆ, ಬೇರು ಹರಿಯುವುದೂ ಕಡಿಮೆ. ಉದ್ದದ ಕಾಂಡಗಳನ್ನು ಹಳೇ ಪಂಚೆಯ ತುಂಡಿನಿಂದ ಸಡಿಲವಾಗಿ ಕಟ್ಟಿಕೊಳ್ಳಿ, ಇಲ್ಲದಿದ್ದರೆ ಮುರಿಯುತ್ತವೆ. ಕುಂಡವನ್ನು ಓರೆ ಮಾಡಿ, ಸುತ್ತ ತಟ್ಟಿ, ಬುಡ ಹಿಡಿದು ಮೆಲ್ಲಗೆ ಎಳೆಯಿರಿ. ಹಳೇ ಮಣ್ಣನ್ನು ಬೆರಳಲ್ಲೇ ಉದುರಿಸಿ. ಕಪ್ಪಾಗಿ ಮೆತ್ತಗಾದ ಬೇರುಗಳನ್ನು ಕತ್ತರಿಸಿ. ಮೊದಲು ಎಷ್ಟು ಆಳದಲ್ಲಿತ್ತೋ ಅಷ್ಟೇ ಆಳಕ್ಕೆ ನೆಡಿ. ನೆಟ್ಟ ಕೂಡಲೇ ನೀರು ಹಾಕುವ ಅಭ್ಯಾಸ ನಮಗೆಲ್ಲ ಇದೆ. ಇಲ್ಲಿ ಒಂದು ವಾರ ತಡೆಯಿರಿ, ನೆರಳಲ್ಲಿಡಿ. ಗಾಯವಾದ ಬೇರು ಒಣಗಿ ಮಾಯಬೇಕು.

ಗೊಬ್ಬರ: ಕಡಿಮೆ, ಆದರೆ ಹೊತ್ತಿಗೆ ಸರಿಯಾಗಿ

ಕುಂಡ ಬದಲಿಸಿದ ಮೊದಲ ತಿಂಗಳು ಯಾವ ಗೊಬ್ಬರವೂ ಬೇಡ. ಆಮೇಲೆ ಮೇ ತಿಂಗಳವರೆಗೆ ಹದಿನೈದು ದಿನಕ್ಕೊಮ್ಮೆ ನೀರಲ್ಲಿ ಕರಗುವ 19:19:19 ಗೊಬ್ಬರ ಕೊಡಬಹುದು. ಲೀಟರಿಗೆ 1 ಗ್ರಾಂ ಸಾಕು. ಈ ಮೂರು ಅಂಕಿಗಳು ಕ್ರಮವಾಗಿ ಸಾರಜನಕ, ರಂಜಕ, ಪೊಟ್ಯಾಷ್ ಲೆಕ್ಕ. ಸಾರಜನಕ ಎಲೆ ಬೆಳೆಸುತ್ತದೆ. ಹಸಿರಾಗಿ ಕೊಬ್ಬಿ ಹೂ ಬಿಡದ ಗಿಡಕ್ಕೆ ಬಹುತೇಕ ಸಿಕ್ಕಿರುವುದು ಇದೇ. ಹಾಗಾಗಿ ಮುಂಗಾರು ಹತ್ತಿರವಾದಾಗ ಸಾರಜನಕವೇ ಇಲ್ಲದ 0:52:34ಕ್ಕೆ ಬದಲಾಯಿಸಿ, ಅಳತೆ ಅಷ್ಟೇ. ಇವು ಗೊಬ್ಬರದ ಅಂಗಡಿಗಳಲ್ಲಿ ಸಿಗುತ್ತವೆ. ರಾಸಾಯನಿಕ ಬೇಡ ಎನ್ನುವವರು ತಿಂಗಳಿಗೊಮ್ಮೆ ಒಂದು ಹಿಡಿ ಎರೆಗೊಬ್ಬರ ಹಾಕಿ. ಹಸಿ ಸಗಣಿ, ಸಿಂಕಿನಲ್ಲಿ ಉಳಿದ ಹಾಲು ಹಾಕಿದ ಟೀ ಚರಟ ಇವೆಲ್ಲ ಸುಮ್ನೆ ಇರುವೆ, ಬೂಸ್ಟು ಕರೆಯುವ ಕೆಲಸ. ಒಣಗಿದ ಮಣ್ಣಿಗೆ ನೇರವಾಗಿ ಗೊಬ್ಬರದ ನೀರು ಹಾಕಬೇಡಿ, ಮೊದಲು ಸ್ವಲ್ಪ ಬರೀ ನೀರು ಕೊಡಿ. ನವೆಂಬರ್‌ನಿಂದ ಜನವರಿವರೆಗೆ ಗೊಬ್ಬರಕ್ಕೆ ರಜೆ, ನೀರೂ ಕಡಿಮೆ.

ಗೊಬ್ಬರ ಸರಿಯಿದ್ದೂ ಹೂ ಬರಲಿಲ್ಲವೇ? ಬೆಳಕು ನೋಡಿ. ಪೂರ್ತಿ ನೆರಳಲ್ಲಿ ಹೂ ಕಷ್ಟ. ಬೆಳಗಿನ ಎಳೆ ಬಿಸಿಲು ಎರಡು ಮೂರು ಗಂಟೆ ಬೀಳುವ ಜಾಗ ಚೆನ್ನ, ಮಧ್ಯಾಹ್ನದ ಬಿಸಿಲಿಗೆ ಎಲೆ ಹಳದಿಯಾಗುತ್ತದೆ. ಹಳೇ ಎಲೆ ನೋಡಲು ಚೆಂದವಿಲ್ಲ ಎಂದು ಕತ್ತರಿಸುವುದೂ ತಪ್ಪು. ಹೂ ಬರುವುದು ಬಲಿತ ಎಲೆಯ ಅಂಚಿನ ಕಚ್ಚುಗಳಿಂದ. ತೆಗೆಯಬೇಕೆಂದರೆ ಕೋಲಿನಂತೆ ನೆಟ್ಟಗೆ ಏರುವ ದುಂಡನೆಯ ಕಾಂಡದ ತುದಿ ಚಿವುಟಿ, ಅಲ್ಲಿಂದ ಚಪ್ಪಟೆ ಎಲೆಗಳು ಒಡೆಯುತ್ತವೆ.

ಮೊಗ್ಗು ಕಂಡ ಮೇಲೆ ಕುಂಡವನ್ನು ಅತ್ತಿತ್ತ ಎಳೆದಾಡಬೇಡಿ. ಮಣ್ಣು ಪೂರ್ತಿ ಒಣಗಲೂ ಬಿಡಬೇಡಿ. ಮೊಗ್ಗು ಉದುರುವುದು ಹೆಚ್ಚಾಗಿ ಇವೆರಡರಿಂದಲೇ. ಫೋಟೊಗೆ ಚೆನ್ನಾಗಿ ಬರಲಿ ಎಂದು ಹಾಲ್‌ಗೆ ತರಬೇಕೆಂದಿದ್ದರೆ, ಹೂ ಅರಳುವ ಸಂಜೆಯೇ ತನ್ನಿ.