ಹಗಲು ದೀಪದ ಫ್ಯೂಸ್ ಎರಡು ಸಲ ಹೋದಾಗ

ಸಿಗ್ನಲ್‌ನಲ್ಲಿ ನಿಂತಿದ್ದೆ. ಮುಂದಿನ ಕಾರಿನ ಹಿಂಬದಿ ಬಂಪರ್ ಚೆನ್ನಾಗಿ ಹೊಳೆಯುತ್ತಿತ್ತು. ಅದರಲ್ಲಿ ನನ್ನ ಕಾರಿನ ಮುಖ ಕಾಣುತ್ತಿತ್ತು. ಯಾವಾಗಲೂ ಎರಡು ಬಿಳಿ ಚುಕ್ಕೆ ಮಿನುಗುವ ಜಾಗದಲ್ಲಿ ಅವತ್ತು ಏನೂ ಇರಲಿಲ್ಲ. ಡ್ಯಾಶ್‌ಬೋರ್ಡ್‌ನಲ್ಲಿ ಯಾವ ಎಚ್ಚರಿಕೆಯೂ ಬಂದಿರಲಿಲ್ಲ. ಹಗಲು ಉರಿಯುವ ದೀಪ, ಅಂದರೆ ಡಿಆರ್‌ಎಲ್, ಎರಡೂ ಕಡೆ ಆರಿಹೋಗಿತ್ತು. ಎಷ್ಟು ದಿನದಿಂದ ಹಾಗೆ ಓಡಾಡಿದ್ದೆನೋ!

ಇದು ನಮಗೆ ದಾರಿ ತೋರಿಸುವ ದೀಪ ಅಲ್ಲ. ಎದುರಿನವರಿಗೆ ನಮ್ಮನ್ನು ತೋರಿಸುವ ದೀಪ. ಅದಕ್ಕೇ ಅದು ಹೋದರೆ ನಮಗೆ ಗೊತ್ತೇ ಆಗುವುದಿಲ್ಲ. ಸ್ವೀಡನ್‌ನಲ್ಲಿ 1977ರಿಂದಲೇ ಹಗಲಲ್ಲೂ ದೀಪ ಹಾಕಿಕೊಂಡು ಓಡಿಸಬೇಕು ಎಂಬ ನಿಯಮ ಬಂತು. ಯುರೋಪಿಯನ್ ಒಕ್ಕೂಟದಲ್ಲಿ 2011ರ ಫೆಬ್ರುವರಿಯಿಂದ ಹೊಸದಾಗಿ ಬರುವ ಕಾರಿನ ಮಾದರಿಗಳಲ್ಲಿ ಡಿಆರ್‌ಎಲ್ ಕಡ್ಡಾಯವಾಯಿತು. ಮರದ ನೆರಳು, ಮೋಡ, ಎದುರು ಬಿಸಿಲು ಇರುವಾಗ ಬರುವ ಗಾಡಿ ಒಂದು ಕ್ಷಣ ಮೊದಲೇ ಕಂಡರೆ ಅದು ದೊಡ್ಡದೇ. ಹಾಗಾಗಿ ಸುಮ್ನೆ ಬಿಡುವ ಮನಸ್ಸು ಬರಲಿಲ್ಲ.

ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆ ಒಂದೇ: ಒಂದು ಹೋಗಿದೆಯಾ, ಎರಡೂ ಹೋಗಿದೆಯಾ? ಒಂದೇ ಕಡೆ ಹೋಗಿದ್ದರೆ ಬಲ್ಬ್, ಅದರ ಹೋಲ್ಡರ್, ಇಲ್ಲವೇ ಆ ಕಡೆ ಕರೆಂಟ್ ವಾಪಸ್ ಹೋಗುವ ಅರ್ಥ್ ವೈರಿನ ಮೇಲೆ ಅನುಮಾನ ಪಡಬೇಕು. ಎರಡೂ ಒಟ್ಟಿಗೆ ಹೋಗಿದ್ದರೆ ಎರಡಕ್ಕೂ ಸೇರಿದ ಯಾವುದೋ ಒಂದು ಕೈಕೊಟ್ಟಿದೆ ಎಂದರ್ಥ. ಫ್ಯೂಸ್, ರಿಲೇ (ಕರೆಂಟಿನಿಂದಲೇ ಆನ್ ಆಫ್ ಆಗುವ ಸ್ವಿಚ್ಚು), ನಾವು ಒತ್ತುವ ಸ್ವಿಚ್ಚು, ಹೀಗೆ. ಎರಡು ಬಲ್ಬ್ ಒಂದೇ ದಿನ ಸುಟ್ಟುಹೋಗುವುದು ಬಲು ಅಪರೂಪ. ಎರಡೂ ದೀಪ ಹೋದ ಕೂಡಲೇ ಬಲ್ಬ್ ಕೊಂಡು ತರುವುದು ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದ ಹಾಗೆ.

ಬಾನೆಟ್ ಎತ್ತುವ ಮೊದಲು ಒಂದು ಮಾತು. ಕೆಲವು ಕಾರುಗಳಲ್ಲಿ ಹ್ಯಾಂಡ್‌ಬ್ರೇಕ್ ಎಳೆದಿದ್ದರೆ ಡಿಆರ್‌ಎಲ್ ಉರಿಯುವುದೇ ಇಲ್ಲ. ಕೆಲವಕ್ಕೆ ಎಂಜಿನ್ ಶುರು ಆಗಿರಲೇಬೇಕು. ಇನ್ನು ಕೆಲವದರಲ್ಲಿ ಇಂಡಿಕೇಟರ್ ಹಾಕಿದ ಕಡೆಯ ದೀಪ ಅಷ್ಟು ಹೊತ್ತು ಮಂಕಾಗುತ್ತದೆ, ಇಲ್ಲವೇ ಆರುತ್ತದೆ. ಇದೆಲ್ಲ ಕೆಟ್ಟಿರುವುದಲ್ಲ, ಮಾಡಿರುವುದೇ ಹಾಗೆ. ನನ್ನ ಕಾರಿನಲ್ಲಿ ಇಗ್ನಿಷನ್ ಆನ್ ಮಾಡಿ ಹ್ಯಾಂಡ್‌ಬ್ರೇಕ್ ಇಳಿಸಿದರೆ ಸಾಕು, ದೀಪ ಬರಬೇಕು. ಸಮತಟ್ಟು ಜಾಗದಲ್ಲಿ ನಿಲ್ಲಿಸಿ, ಗಾಲಿಗೆ ಅಡ್ಡ ಕೊಟ್ಟು, ಬ್ರೇಕ್ ಇಳಿಸಿ ನೋಡಿದೆ. ಬರಲಿಲ್ಲ.

ಫ್ಯೂಸ್ ಪೆಟ್ಟಿಗೆ ಸಾಮಾನ್ಯವಾಗಿ ಎರಡಿರುತ್ತದೆ. ಒಂದು ಡ್ರೈವರ್ ಮೊಣಕಾಲಿನ ಹತ್ತಿರ ಡ್ಯಾಶ್‌ಬೋರ್ಡ್ ಕೆಳಗೆ, ಇನ್ನೊಂದು ಬಾನೆಟ್ ಒಳಗೆ ಬ್ಯಾಟರಿ ಪಕ್ಕ. ಮುಚ್ಚಳದ ಒಳಬದಿಯಲ್ಲಿ ನಕ್ಷೆ ಇರುತ್ತದೆ. ಆದರೆ ಅದೇ ಮುಚ್ಚಳ ಬೇರೆ ಬೇರೆ ಮಾದರಿಗೂ ಬರುವುದರಿಂದ ಅದೊಂದನ್ನೇ ನಂಬುವುದು ಬೇಡ. ಕಾರಿನ ಕೈಪಿಡಿಯ ಪಟ್ಟಿಯನ್ನೂ ಪಕ್ಕದಲ್ಲಿಟ್ಟುಕೊಳ್ಳಿ. ಡಿಆರ್‌ಎಲ್ ಎಂದು ಬೇರೆಯಾಗಿ ಬರೆದಿರದೆ ಪಾರ್ಕಿಂಗ್ ದೀಪದ ಜೊತೆಗೂ ಇರಬಹುದು. ಎಡಕ್ಕೊಂದು ಬಲಕ್ಕೊಂದು ಫ್ಯೂಸ್ ಕೊಟ್ಟಿರುವ ಕಾರುಗಳೂ ಇವೆ. ಎಲ್‌ಇಡಿ ಇರುವ ಎಷ್ಟೋ ಹೊಸ ಕಾರುಗಳಲ್ಲಿ ದೀಪಕ್ಕೆ ಕರೆಂಟ್ ಕೊಡುವುದೇ ಒಂದು ಕಂಟ್ರೋಲ್ ಮಾಡ್ಯೂಲ್. ತಪ್ಪು ಕಂಡರೆ ಅದು ತಾನೇ ಕರೆಂಟ್ ನಿಲ್ಲಿಸುತ್ತದೆ, ಬದಲಾಯಿಸಲು ಫ್ಯೂಸೇ ಸಿಗುವುದಿಲ್ಲ. ಅಂಥ ಕಾರನ್ನು ಆ ಮಾಡ್ಯೂಲಿನ ತಪ್ಪು ಓದುವ ಸ್ಕ್ಯಾನರ್ ಇರುವವರ ಕೈಗೆ ಕೊಡುವುದೇ ಸರಿ. ನನ್ನದು ಹಳೆಯ ಕ್ರಮದ್ದು. ಎರಡೂ ಕಡೆ 21 ವ್ಯಾಟ್‌ನ ಬಲ್ಬ್, ಎರಡಕ್ಕೂ ಸೇರಿ 10 ಆಂಪಿಯರ್‌ನ ಒಂದು ಫ್ಯೂಸ್.

ಫ್ಯೂಸನ್ನು ಕೀಳದೆಯೇ ಪರೀಕ್ಷೆ ಮಾಡಬಹುದು. ಇದು ಎಲ್ಲರಿಗೂ ಗೊತ್ತಿರಬೇಕು ಅನಿಸುತ್ತದೆ. ಕಾರಿನಲ್ಲಿರುವ, ಎರಡು ಚಪ್ಪಟೆ ಕಾಲಿನ ಬ್ಲೇಡ್ ಫ್ಯೂಸಿನ ತಲೆ ಮೇಲೆ ಎರಡು ಪುಟ್ಟ ಕಿಂಡಿಗಳಿರುತ್ತವೆ. ಒಳಗಿನ ಲೋಹ ಅಲ್ಲಿ ಇಣುಕುತ್ತದೆ. ಟೆಸ್ಟ್ ಲ್ಯಾಂಪ್ ಅಂದರೆ ಒಂದು ಕಡೆ ಮೊನೆ, ಇನ್ನೊಂದು ಕಡೆ ಕ್ಲಿಪ್ ಇರುವ ಪುಟ್ಟ ದೀಪ; ಅದರ ಕ್ಲಿಪ್ಪನ್ನು ಕಾರಿನ ಮೈಯಲ್ಲಿ ಬಣ್ಣವಿಲ್ಲದ ಒಂದು ಬೋಲ್ಟಿಗೆ ಕಚ್ಚಿಸಿ, ಇಗ್ನಿಷನ್ ಆನ್ ಮಾಡಿ, ಮೊನೆಯನ್ನು ಎರಡೂ ಕಿಂಡಿಗೆ ಒಂದೊಂದಾಗಿ ಮುಟ್ಟಿಸಬೇಕು. ಎರಡರಲ್ಲೂ ಲ್ಯಾಂಪ್ ಉರಿದರೆ ಫ್ಯೂಸ್ ಚೆನ್ನಾಗಿದೆ. ಒಂದರಲ್ಲಿ ಮಾತ್ರ ಉರಿದರೆ ಫ್ಯೂಸ್ ಹೋಗಿದೆ. ಎರಡರಲ್ಲೂ ಉರಿಯದಿದ್ದರೆ ಫ್ಯೂಸಿಗೇ ಕರೆಂಟ್ ಬರುತ್ತಿಲ್ಲ, ಅದರ ಹಿಂದಿನ ರಿಲೇ ಕಡೆ ನೋಡಬೇಕು. ಮಲ್ಟಿಮೀಟರ್ ಇದ್ದರೆ 20 ವೋಲ್ಟ್ ಡಿಸಿಗೆ ಇಟ್ಟು ಇದನ್ನೇ ಮಾಡಬಹುದು. ಕಂಟಿನ್ಯುಟಿ, ಅಂದರೆ ಒಳಗಿನ ದಾರಿ ತುಂಡಾಗದೆ ಇದೆಯಾ ಎಂದು ನೋಡುವುದಾದರೆ ಮಾತ್ರ ಫ್ಯೂಸನ್ನು ಹೊರಗೆ ತೆಗೆದೇ ನೋಡಿ. ಜಾಗದಲ್ಲೇ ಇರುವಾಗ ನೋಡಿದರೆ ಬೇರೆ ದಾರಿಯಿಂದ ಸುತ್ತಿ ಬಂದು ಮೀಟರ್ ಬೀಪ್ ಎನ್ನುತ್ತದೆ, ನಾವು ಮೋಸ ಹೋಗುತ್ತೇವೆ.

ನನಗೆ ಒಂದು ಕಿಂಡಿಯಲ್ಲಿ ಬೆಳಕು ಬಂತು, ಇನ್ನೊಂದರಲ್ಲಿ ಇಲ್ಲ.

ಇಗ್ನಿಷನ್ ಆಫ್ ಮಾಡಿ, ಕೀ ಜೇಬಿಗೆ ಹಾಕಿಕೊಂಡು, ಪೆಟ್ಟಿಗೆಯ ಒಂದು ಫೋಟೋ ತೆಗೆದುಕೊಂಡೆ. ಯಾವುದು ಎಲ್ಲಿತ್ತು ಎಂದು ಆಮೇಲೆ ತಲೆ ಕೆಡಿಸಿಕೊಳ್ಳುವುದು ತಪ್ಪುತ್ತದೆ. ಪೆಟ್ಟಿಗೆಯ ಮುಚ್ಚಳದಲ್ಲೇ ಪ್ಲಾಸ್ಟಿಕ್ ಚಿಮಟ ಸಿಕ್ಕಿಸಿರುತ್ತಾರೆ. ಅದರಿಂದ ಹಿಡಿದು ನೇರ ಮೇಲಕ್ಕೆ ಎಳೆದೆ. ಕಬ್ಬಿಣದ ಇಕ್ಕಳ ಹಾಕಿದರೆ ಫ್ಯೂಸಿನ ತಲೆ ಒಡೆದು ಕಾಲು ಒಳಗೇ ಉಳಿಯುವ ಭಯ ಇದೆ.

ಬೆಳಕಿಗೆ ಹಿಡಿದು ನೋಡಿದೆ. ನಡುವಿನ ಬಾಗಿದ ತಂತಿ ಜಾಗದಲ್ಲಿ ಇರಲೇ ಇಲ್ಲ. ಪ್ಲಾಸ್ಟಿಕ್ಕಿನ ಒಳಗೆಲ್ಲ ಕಪ್ಪು ಮಸಿ, ಅದರ ನಡುವೆ ಬೆಳ್ಳಿಯ ಪುಡಿ ಎರಚಿದ ಹಾಗೆ ಹೊಳಪು. ಸುಟ್ಟ ಫ್ಯೂಸ್ ಎಲ್ಲವೂ ಒಂದೇ ಥರ ಇರುವುದಿಲ್ಲ. ಮಿತಿಗಿಂತ ಸ್ವಲ್ಪ ಜಾಸ್ತಿ ಕರೆಂಟ್ ಎಳೆದು ಎಳೆದು ಹೋದ ಫ್ಯೂಸಿನಲ್ಲಿ ತಂತಿ ನಿಧಾನಕ್ಕೆ ಕರಗಿ, ನಡುವೆ ಸಣ್ಣ ಅಂತರ ಬಿಟ್ಟು, ಪ್ಲಾಸ್ಟಿಕ್ ಹೆಚ್ಚುಕಡಿಮೆ ತಿಳಿಯಾಗಿಯೇ ಉಳಿಯುತ್ತದೆ. ವೈರ್ ನೇರವಾಗಿ ಕಾರಿನ ಲೋಹದ ಮೈಗೆ ತಾಗಿ ಶಾರ್ಟ್ ಆದರೆ, ಅಂದರೆ ಕರೆಂಟ್ ದೀಪಕ್ಕೆ ಹೋಗದೆ ಅಡ್ಡದಾರಿ ಹಿಡಿದರೆ, ತಂತಿ ಒಮ್ಮೆಗೇ ಸಿಡಿಯುತ್ತದೆ, ಮಸಿ ಹಿಡಿಯುತ್ತದೆ. ಕಾಲುಗಳು ಬಣ್ಣಗೆಟ್ಟು ಸುತ್ತಲ ಪ್ಲಾಸ್ಟಿಕ್ ಕರಗಿದ್ದರೆ ಅದು ಹಿಡಿತ ಸಡಿಲವಾಗಿ ಆದ ಬಿಸಿ. ನನ್ನ ಕೈಯಲ್ಲಿದ್ದ ಫ್ಯೂಸ್ ಇಲ್ಲಿ ಶಾರ್ಟ್ ಇದೆ ಎಂದು ಸಾರಿ ಹೇಳುತ್ತಿತ್ತು. ಅವತ್ತು ನಾನು ಅದಕ್ಕೆ ಕಿವಿಗೊಡಲಿಲ್ಲ.

ಹೊಸ ಫ್ಯೂಸ್ ಹಾಕುವಾಗ ಎರಡು ಹೊಂದಬೇಕು: ಗಾತ್ರ ಮತ್ತು ಆಂಪಿಯರ್. ಮಿನಿ ಮತ್ತು ಲೋ ಪ್ರೊಫೈಲ್ ಮಿನಿ ಎಂಬ ಎರಡು ಗಾತ್ರ ನೋಡಲು ಅಣ್ಣತಮ್ಮಂದಿರ ಹಾಗಿದ್ದರೂ ಕಾಲಿನ ಉದ್ದ ಬೇರೆ. ಹಳೆಯದನ್ನು ಪಕ್ಕದಲ್ಲಿಟ್ಟು ಹೋಲಿಸಿಯೇ ಹಾಕಬೇಕು. ಆಂಪಿಯರ್ ಗುರುತಿಗೆ ಬಣ್ಣ ಇದೆ. 7.5 ಕಂದು, 10 ಕೆಂಪು, 15 ನೀಲಿ, 20 ಹಳದಿ, 30 ಹಸಿರು. ತಲೆ ಮೇಲೆ ಅಂಕಿಯೂ ಇರುತ್ತದೆ. ಕೆಂಪು ತೆಗೆದ ಕಡೆ ಕೆಂಪೇ ಹಾಕಿದೆ. ಇಗ್ನಿಷನ್ ತಿರುಗಿಸಿದೆ. ಎರಡೂ ದೀಪ ಬಂತು. ಮುಚ್ಚಳ ಹಾಕಿ ಕೈ ತೊಳೆದುಕೊಂಡೆ.

ಮೂರನೇ ದಿನ ಮತ್ತೆ ಕತ್ತಲೆ.

ಈಗ ಮನಸ್ಸಿಗೆ ಬರುವ ಮೊದಲ ಯೋಚನೆ ಇದು: 10 ನಿಲ್ಲುತ್ತಿಲ್ಲ, 15 ಹಾಕಿದರೆ ಆಯ್ತಲ್ವಾ? ದಯವಿಟ್ಟು ಹಾಗೆ ಮಾಡಬೇಡಿ. ಲೆಕ್ಕ ನೋಡಿ. ಎರಡು ಬಲ್ಬ್ ಸೇರಿ 42 ವ್ಯಾಟ್. 12 ವೋಲ್ಟ್‌ನಲ್ಲಿ ಅದು 3.5 ಆಂಪಿಯರ್. 10ರ ಫ್ಯೂಸಿಗೆ ಇದು ಅರ್ಧದಷ್ಟೂ ಇಲ್ಲ. ಅಂದರೆ ಫ್ಯೂಸ್ ಸಣ್ಣದಾಗಿರುವುದು ಕಾರಣವೇ ಅಲ್ಲ. ಫ್ಯೂಸಿನ ಅಂಕಿಯನ್ನು ಗೊತ್ತುಮಾಡುವುದು ಆ ದಾರಿಯಲ್ಲಿರುವ ವೈರ್ ಎಷ್ಟು ತಡೆಯುತ್ತದೆ ಎನ್ನುವುದು. ದೊಡ್ಡ ಫ್ಯೂಸ್ ಹಾಕಿದರೆ ಮೊದಲು ಬಿಸಿಯಾಗುವುದು ಫ್ಯೂಸಲ್ಲ, ಕಣ್ಣಿಗೆ ಕಾಣದ ಕಡೆ ಇರುವ ವೈರ್. ಫ್ಯೂಸ್ ಅಂಕಿ ದಾಟಿದ ತಕ್ಷಣ ಪಟ್ಟನೆ ಹೋಗುವ ವಸ್ತುವೂ ಅಲ್ಲ. ಬ್ಲೇಡ್ ಫ್ಯೂಸಿನ ಮಾನದಂಡದ ಪ್ರಕಾರ ಶೇ 110ರಷ್ಟು ಕರೆಂಟನ್ನು ಅದು 100 ಗಂಟೆ ತಡೆಯಬೇಕು. ಶೇ 135ಕ್ಕೆ ಹೋದರೂ ಸುಡಲು ಹತ್ತು ನಿಮಿಷದವರೆಗೆ ತೆಗೆದುಕೊಳ್ಳಬಹುದು. 15ರ ಫ್ಯೂಸಿಗೆ ಆ ಶೇ 135 ಅಂದರೆ ಸುಮಾರು 20 ಆಂಪಿಯರ್. ತೆಳು ವೈರಿನಲ್ಲಿ ಅಷ್ಟು ಕರೆಂಟ್ ಅಷ್ಟು ಹೊತ್ತು ಹರಿದರೆ ಏನಾಗುತ್ತದೆ ಎಂದು ಯೋಚಿಸಿ.

ಈ ಸಲ ಶಾರ್ಟ್ ಹುಡುಕಲೇಬೇಕೆಂದು ಕೂತೆ. ಎರಡೂ ಬಲ್ಬಿನ ಕನೆಕ್ಟರ್ ಕಳಚಿದೆ. ಇಗ್ನಿಷನ್ ಆಫ್ ಇರುವಾಗ ಫ್ಯೂಸ್ ಜಾಗದ ದೀಪದ ಕಡೆಯ ಕಾಲಿನಿಂದ ಕಾರಿನ ಲೋಹದ ಮೈಗೆ ಮೀಟರ್ ಹಿಡಿದೆ. ಮೀಟರ್ ಸುಮ್ಮನಿತ್ತು. ಶಾರ್ಟ್ ಇಲ್ಲ ಎನ್ನುತ್ತಿತ್ತು. ನಿಂತಾಗ ಇಲ್ಲ, ಓಡುವಾಗ ಮಾತ್ರ ಬರುವ ಶಾರ್ಟ್ ಅದು. ಹಾಗೆಯೇ ಫ್ಯೂಸ್ ಹಾಕಿ ನೋಡುತ್ತಾ ಹೋದರೆ ಒಂದು ಡಬ್ಬಿ ಖಾಲಿಯಾದರೂ ಜಾಗ ಸಿಗುವುದಿಲ್ಲ.

ಅದಕ್ಕೆ ಒಂದು ಹಳೆಯ ಉಪಾಯ ಇದೆ. ಫ್ಯೂಸಿನ ಬದಲು ಬಲ್ಬ್. ಸುಟ್ಟ ಫ್ಯೂಸನ್ನೇ ತೆಗೆದುಕೊಂಡು ತಲೆಯ ಪ್ಲಾಸ್ಟಿಕ್ ಒಡೆದು, ಎರಡು ಕಾಲಿಗೆ ಎರಡು ವೈರ್ ಬೆಸುಗೆ ಹಾಕಿದೆ. ವೈರಿನ ಆ ತುದಿಗೆ ಹೋಲ್ಡರ್, ಅದರಲ್ಲಿ 21 ವ್ಯಾಟ್‌ನ ಬಲ್ಬ್. ಇದನ್ನು ಫ್ಯೂಸಿನ ಜಾಗಕ್ಕೆ ಚುಚ್ಚಿದೆ. ಮುಂದೆ ಬಲ್ಬಿನ ಕನೆಕ್ಟರ್ ಎರಡೂ ಕಳಚಿರುವುದರಿಂದ ಕರೆಂಟ್ ಹೋಗಲು ದಾರಿಯಿಲ್ಲ, ಈ ಬಲ್ಬ್ ಉರಿಯಬಾರದು. ಎಲ್ಲಾದರೂ ವೈರ್ ಕಾರಿನ ಮೈಗೆ ತಾಗಿದರೆ ಅದು ಪೂರ್ತಿ ಬೆಳಕಿನಲ್ಲಿ ಉರಿಯುತ್ತದೆ. ಶಾರ್ಟ್ ಇದ್ದರೂ ಹರಿಯುವುದು 1.75 ಆಂಪಿಯರ್ ಮಾತ್ರ, ಯಾವ ವೈರಿಗೂ ಅಪಾಯವಿಲ್ಲ. ಬಲ್ಬ್ ಮಾತ್ರ ಚೆನ್ನಾಗಿ ಕಾಯುತ್ತದೆ, ಪ್ಲಾಸ್ಟಿಕ್ ಮೇಲೆ ಇಡಬಾರದು. ಮಾಡ್ಯೂಲ್ ನಿಯಂತ್ರಿಸುವ ದೀಪಗಳಿಗೆ ಈ ಪ್ರಯೋಗ ಬೇಡ. ಏರ್‌ಬ್ಯಾಗಿನ ಹಳದಿ ಕನೆಕ್ಟರ್‌ಗಳ ತಂಟೆಗಂತೂ ಯಾವತ್ತೂ ಹೋಗಬಾರದು.

ಇಗ್ನಿಷನ್ ಆನ್. ಬಲ್ಬ್ ಆರಿಯೇ ಇತ್ತು. ಪೆಟ್ಟಿಗೆಯಿಂದ ಶುರು ಮಾಡಿ ವೈರಿನ ಕಟ್ಟನ್ನು ಗೇಣು ಗೇಣಾಗಿ ಹಿಡಿದು ಅಲ್ಲಾಡಿಸುತ್ತಾ ಮುಂದೆ ಹೋದೆ. ಬ್ಯಾಟರಿ ಪಕ್ಕ ಏನಿಲ್ಲ. ರೇಡಿಯೇಟರ್ ಮೇಲೆ ಅಡ್ಡ ಹೋಗುವ ಕಡೆ ಏನಿಲ್ಲ. ಎಡಗಡೆ ಹೆಡ್‌ಲೈಟಿನ ಹಿಂದೆ ಕೈ ತೂರಿಸಿ ವೈರನ್ನು ಕೆಳಕ್ಕೆ ಒತ್ತಿದೆ. ಬಲ್ಬ್ ಭಗ್ ಎಂದು ಹತ್ತಿತು. ಬಿಟ್ಟೆ, ಆರಿತು. ಮತ್ತೆ ಒತ್ತಿದೆ, ಹತ್ತಿತು. ಎರಡು ದಿನದ ಒಗಟು ಬೆರಳ ತುದಿಯಲ್ಲಿ ಬಿಡಿಸಿಕೊಂಡಿತ್ತು. ಆ ಗಳಿಗೆಯ ಖುಷಿಯೇ ಬೇರೆ.

ಟಾರ್ಚ್ ಹಾಕಿ ನೋಡಿದೆ. ವೈರನ್ನು ಹಿಡಿದಿಡುವ ಪ್ಲಾಸ್ಟಿಕ್ ಕ್ಲಿಪ್ ಮುರಿದಿತ್ತು. ಜೋತುಬಿದ್ದ ವೈರ್ ಹೆಡ್‌ಲೈಟ್ ಬಿಗಿಯುವ ತಗಡಿನ ಅಂಚಿನ ಮೇಲೆ ಕೂತಿತ್ತು. ಗಾಡಿ ಕುಲುಕಿದಾಗಲೆಲ್ಲ ಉಜ್ಜಿ ಉಜ್ಜಿ ಒಂದು ಜಾಗದಲ್ಲಿ ಸಿಪ್ಪೆ ಸವೆದಿತ್ತು. ಅಕ್ಕಿಕಾಳಿನಷ್ಟು ಉದ್ದ, ಅಷ್ಟೇ. ಒಳಗಿನ ತಾಮ್ರದ ಎಳೆಗಳಲ್ಲಿ ಕೆಲವು ಹಸಿರು ಹಿಡಿದಿದ್ದವು, ಎರಡು ತುಂಡಾಗಿದ್ದವು. ತಗಡಿನ ಅಂಚಿನಲ್ಲಿ ಬಣ್ಣ ಹೋಗಿ ಸಣ್ಣ ಸುಟ್ಟ ಕಲೆ. ಹೊಂಡ ಹತ್ತಿಳಿದಾಗ ಒಂದು ಸಲ ತಾಗಿದರೆ ಸಾಕು, ಫ್ಯೂಸ್ ಹೋಗುತ್ತಿತ್ತು.

ಬ್ಯಾಟರಿಯ ನೆಗೆಟಿವ್ ಕಳಚಿಟ್ಟು ರಿಪೇರಿಗೆ ಕೂತೆ. ಬರೀ ಟೇಪ್ ಸುತ್ತಿ ಬಿಡುವ ಕೆಲಸ ಇದಲ್ಲ. ಹಸಿರು ಹಿಡಿದ ತುಂಡನ್ನು ಕತ್ತರಿಸಿ ತೆಗೆದು, ಹೊಳೆಯುವ ತಾಮ್ರ ಸಿಗುವವರೆಗೆ ಎರಡೂ ತುದಿ ಸುಲಿದೆ. ಅದೇ ದಪ್ಪದ ಒಂದು ತುಂಡು ವೈರ್ ಸೇರಿಸಿ ಬೆಸುಗೆ ಹಾಕಿದೆ. ಹೀಟ್ ಶ್ರಿಂಕ್ ತೋಳನ್ನು ಮೊದಲೇ ತೂರಿಸಿಟ್ಟುಕೊಳ್ಳಬೇಕು, ಬೆಸುಗೆ ಆದಮೇಲೆ ತೂರಿಸಲು ದಾರಿ ಇರುವುದಿಲ್ಲ. ಬಿಸಿ ಗಾಳಿ ಕೊಟ್ಟು ಅದನ್ನು ಕುಗ್ಗಿಸಿ, ಮೇಲೆ ಬಟ್ಟೆಯ ಟೇಪ್ ಸುತ್ತಿ, ಸುಕ್ಕು ಸುಕ್ಕಿನ ಪ್ಲಾಸ್ಟಿಕ್ ಕೊಳವೆ ಹಾಕಿದೆ. ತಗಡಿನ ಅಂಚನ್ನು ಅರದಿಂದ ಉಜ್ಜಿ ಮೊಂಡು ಮಾಡಿ ಬಣ್ಣ ಹಚ್ಚಿದೆ. ಮುರಿದ ಕ್ಲಿಪ್ಪಿನ ಜಾಗಕ್ಕೆ ಕೇಬಲ್ ಟೈ. ವೈರ್ ಈಗ ತಗಡಿನಿಂದ ಎರಡು ಬೆರಳು ದೂರ. ಈ ಕೊನೆಯ ಕೆಲಸಕ್ಕೇ ಜಾಸ್ತಿ ಹೊತ್ತು ಹಿಡಿಯಿತು, ಅದಕ್ಕೇ ಜಾಸ್ತಿ ಗಮನ ಕೊಡಬೇಕು ಕೂಡ. ಬೆಸುಗೆ ಎಷ್ಟು ಚೆನ್ನಾಗಿದ್ದರೂ ವೈರ್ ಮತ್ತೆ ಅಲ್ಲೇ ಉಜ್ಜಿದರೆ ಮಾಡಿದ್ದೆಲ್ಲ ನೀರಲ್ಲಿ ಹೋಮ.

ಬಲ್ಬಿನ ಫ್ಯೂಸನ್ನು ಮತ್ತೆ ಚುಚ್ಚಿ ಇಡೀ ಕಟ್ಟನ್ನು ಜೋರಾಗಿಯೇ ಅಲ್ಲಾಡಿಸಿದೆ. ಬಂಪರಿಗೆ ಕೈಯಿಟ್ಟು ಗಾಡಿ ಕುಲುಕಿದೆ. ಬಲ್ಬ್ ಮಿಣುಕಲೂ ಇಲ್ಲ. ಆಮೇಲೆ ಕನೆಕ್ಟರ್ ಎರಡನ್ನೂ ಹಾಕಿ, 10ರ ಕೆಂಪು ಫ್ಯೂಸ್ ಒತ್ತಿದೆ. ದೀಪ ಉರಿಸಿಕೊಂಡೇ ಹದಿನೈದು ನಿಮಿಷ ಬಿಟ್ಟು ಫ್ಯೂಸಿನ ತಲೆ ಮುಟ್ಟಿ ನೋಡಿದೆ. ಬಿಸಿ ಇರಲಿಲ್ಲ.

ಆ ದಿನದಿಂದ ಒಂದು ರೂಢಿ ಮಾಡಿಕೊಂಡಿದ್ದೇನೆ. ವಾರಕ್ಕೊಮ್ಮೆ ಕಾರನ್ನು ಗೋಡೆಗೆ ಎದುರಾಗಿ ನಿಲ್ಲಿಸಿ, ಹ್ಯಾಂಡ್‌ಬ್ರೇಕ್ ಎಳೆಯುವ ಮೊದಲು ಗೋಡೆಯ ಮೇಲೆ ಎರಡು ಬೆಳಕು ಬಿದ್ದಿದೆಯಾ ಎಂದು ನೋಡುತ್ತೇನೆ. ಹೆಚ್ಚಿನ ಕಾರುಗಳಲ್ಲಿ ಡಿಆರ್‌ಎಲ್ ಉರಿಯುವಾಗ ಹಿಂದಿನ ಕೆಂಪು ದೀಪ ಉರಿಯುವುದಿಲ್ಲ. ಹಾಗಾಗಿ ಮುಸ್ಸಂಜೆ ಆಗುತ್ತಿದ್ದಂತೆ ಹೆಡ್‌ಲೈಟ್ ಸ್ವಿಚ್ಚನ್ನೂ ತಿರುಗಿಸುತ್ತೇನೆ. ಫ್ಯೂಸ್ ಪೆಟ್ಟಿಗೆಯ ಮುಚ್ಚಳದಲ್ಲಿ ಮೂರು ಕೆಂಪು ಫ್ಯೂಸ್ ಸಿಕ್ಕಿಸಿಟ್ಟಿದ್ದೇನೆ. ಆ ಬಲ್ಬ್ ಕಟ್ಟಿದ ಸುಟ್ಟ ಫ್ಯೂಸ್ ಡಿಕ್ಕಿಯ ಚೀಲದಲ್ಲಿದೆ.